ವಾವ್ ಬೇಕೋ ಬೇಡವೋ

ಮಗುವಿಗೆ ಇಂದಿಗೆ ಒಂಬತ್ತು ದಿನ.
ಯಾಫೋದ ನೋಂದಣಿ ಕಚೇರಿ, ನಮ್ಮ ಚೀಟಿ ಎಪ್ಪತ್ತಮೂರು.
ಹೆಸರಿನ ಖಾನೆ ಖಾಲಿ.
ಎವ್ಯತಾರ್ ಬೆಳಗಿನಿಂದ ಒಂದೇ ರಾಗ:
'ಲೋಟೆಮ್ ಇಡು, ನೊಗಾ ಇಡು, ಏನಾದರೂ ಇಡು,
ಹೆಗ್ಗಣ ಅಂತ ಮಾತ್ರ ಬೇಡ.'

ಅವನ ತಪ್ಪೇನಿಲ್ಲ. ಈಗಿನ ಹೀಬ್ರೂವಿನಲ್ಲಿ
ಹುಲ್ದಾ ಅಂದರೆ ಹೆಗ್ಗಣವೇ.
ನಮ್ಮ ಬೀದಿಯ ಚರಂಡಿಯ ಪಕ್ಕ ನಗರಸಭೆಯವರ
ಹಳದಿ ಚೀಟಿ ಕೂಡ ಹಾಗೇ ಹೇಳುತ್ತದೆ:
ಹುಲ್ದಾಗಳಿಗೆ ವಿಷ ಇಟ್ಟಿದೆ, ಮಕ್ಕಳು ಜೋಪಾನ.

ವಾವಾ, ನನ್ನ ಅಜ್ಜಿ, ಹುಟ್ಟಿದ ಪ್ಲೊವ್‌ದಿವ್‌ನಲ್ಲಿ
ಹೆಗ್ಗಣಕ್ಕೆ ಬೇರೆ ಮಾತಿತ್ತು.
ಮನೆಯ ಲಾದಿನೊದಲ್ಲಿ ಒಂದು, ಬೀದಿಯ ಬಲ್ಗೇರಿಯನ್ನಿನಲ್ಲಿ ಒಂದು.
ಹೀಬ್ರೂ ಇದ್ದದ್ದು ಪ್ರಾರ್ಥನೆಯ ಹೊತ್ತಿಗೆ,
ಉಗ್ರಾಣದ ಹೊತ್ತಿಗಲ್ಲ.
ಪುಸ್ತಕಗಳಿಗೆ ರಟ್ಟು ಕಟ್ಟುತ್ತಿದ್ದ ಅವಳಪ್ಪ
ಐದು ಗಂಡಿನ ಮೇಲೆ ಹುಟ್ಟಿದ ಹೆಣ್ಣಿಗೆ
ಓದಬಲ್ಲವಳೊಬ್ಬಳ ಹೆಸರಿಟ್ಟ.

ಜೆರುಸಲೇಮಿನಲ್ಲಿ ಹಿಂದೊಮ್ಮೆ
ದೇವಾಲಯ ರಿಪೇರಿ ಮಾಡುವಾಗ ಒಂದು ಸುರುಳಿ ಸಿಕ್ಕಿತಂತೆ.
ದೊರೆ ಓದಿಸಿ ಕೇಳಿದ, ಉಟ್ಟ ಬಟ್ಟೆ ಹರಿದುಕೊಂಡ.
ನಿಜವೋ ಸುಳ್ಳೋ, ಯಾರನ್ನು ಕೇಳುವುದು?
ಊರಲ್ಲಿ ಗಡ್ಡದ ಪ್ರವಾದಿಗಳಿಗೆ ಬರವಿರಲಿಲ್ಲ.
ಆದರೂ ಐವರು ಹೋದದ್ದು ಹೊಸ ಕೇರಿಗೆ,
ಉಡುಪುಗಳ ಕಾವಲುಗಾರನ ಹೆಂಡತಿ ಹುಲ್ದಾಳ ಮನೆಗೆ.
ಐವರಲ್ಲಿ ಒಬ್ಬನ ಹೆಸರು ಅಖ್ಬೋರ್. ಅಂದರೆ ಇಲಿ!
ಅವನನ್ನು ಯಾರೂ ಆಡಿಕೊಂಡಂತಿಲ್ಲ.
ಅವಳು ಓದಿದ್ದನ್ನು ಅಳೆದು, ಹೇಳುವುದನ್ನು ಹೇಳಿ,
ದೊರೆಯನ್ನು ದೊರೆ ಅನ್ನದೆ
'ನಿಮ್ಮನ್ನು ಕಳಿಸಿದ ಗಂಡಸು' ಅಂದಳು.
ಎಷ್ಟೋ ನೂರು ವರ್ಷದ ಮೇಲೂ ಪಂಡಿತರಿಗೆ ಅದು ಚುಚ್ಚುತ್ತಿತ್ತು:
ಸೊಕ್ಕಿನ ಹೆಣ್ಣು, ಹೆಸರೂ ಅದಕ್ಕೆ ತಕ್ಕ ಹಾಗೆ.
ಆಗ ಹುಲ್ದಾ ಅಂದರೆ ಹೆಗ್ಗಣವಲ್ಲ,
ಇಲಿ ಹಿಡಿಯುವ ಮುಂಗುಸಿಯಂಥದೇನೋ.

ನಲವತ್ತೆಂಟರಲ್ಲಿ ಹೈಫಾ ಬಂದರಿನ ಗುಮಾಸ್ತ
ಹೆಸರು ಕೇಳಿ ನಕ್ಕ. ಪಕ್ಕದವನನ್ನೂ ಕರೆದು ನಗಿಸಿದ.
ವಾವಾಗೆ ನಗು ಯಾಕೆಂದು ಗೊತ್ತಾಗಲಿಲ್ಲ, ತಾನೂ ನಕ್ಕಳು.
ಚೀಟಿಯಲ್ಲಿ ಬಂದದ್ದು ಹದಸ್ಸಾ.
ಹದಸ್ಸಾ ಆಗಿ ಮದುವೆ, ಹದಸ್ಸಾ ಆಗಿ ಪಿಂಚಣಿ,
ಹೊಲೋನಿನ ಕಲ್ಲಿನ ಮೇಲೂ ಹೋದ ಚಳಿಯಲ್ಲಿ ಹದಸ್ಸಾ.

ಗುಂಡಿಯ ಡಬ್ಬಿ ನನಗೆ ಬಂತು.
ಕೋಟು, ಪ್ಯಾಂಟು, ಯಾರ್ಯಾರದೋ ಸೈನಿಕ ಜಾಕೀಟು,
ಊರವರ ಬಟ್ಟೆಯ ಕಾವಲು ಅವಳದೂ ಆಗಿತ್ತಲ್ಲ.
ಮುಚ್ಚಳದ ಒಳಗೆ ಸೂಜಿಮೊನೆಯಲ್ಲಿ ಗೀರಿದ ನಾಲ್ಕಕ್ಷರ:
ಹೆತ್, ಲಾಮೆದ್, ದಾಲೆತ್, ಹೇ.
ಗೀರಿದ ಕಡೆಯೆಲ್ಲ ಕೆಂಪಗೆ ತುಕ್ಕು.
ತುಕ್ಕಿಗೂ ನಮ್ಮ ಮಾತಿನಲ್ಲಿ ಅದೇ ಅಕ್ಷರ, ಹಲೂದಾ.
ಕೊನೆಯದನ್ನು ಬಿಟ್ಟು ಓದಿದರೆ ಹೆಲೆದ್:
ಲೋಕ. ಒಂದು ಆಯುಸ್ಸಿನಷ್ಟು ಲೋಕ.

ಎಪ್ಪತ್ತಮೂರು!
ಫೈನಾ ಎಂಬಾಕೆ ಕನ್ನಡಕ ಹಣೆಗೇರಿಸಿ ಕೇಳಿದಳು, ರಷ್ಯದ ಉಚ್ಚಾರ.
ನಾನು ಹೇಳಿದೆ.
ಎವ್ಯತಾರ್ ಮೇಲಿನ ಫ್ಯಾನು ನೋಡಿದ.
ಆಕೆ ನಗಲಿಲ್ಲ. 'ನನ್ನನ್ನೂ ಎರಡು ವರ್ಷ ಯಾಫಾ ಮಾಡಿದ್ದರು,
ಬಿಡಿಸಿಕೊಳ್ಳೋಕೆ ಮೂರು ಅರ್ಜಿ ಬೇಕಾಯ್ತು' ಅಂದಳು.
ಆಮೇಲೆ ಬೆರಳು ಕೀಲಿಯ ಮೇಲಿಟ್ಟು:
'ವಾವ್ ಬೇಕೋ ಬೇಡವೋ?'

ವಾವ್ ಹಾಕಿದರೆ ಈಗಿನವರು ಬರೆಯುವ ಹಾಗೆ,
ಚರಂಡಿಯ ಚೀಟಿಯ ಹಾಗೆ.
ತೆಗೆದರೆ ಹಳೆಯ ಸುರುಳಿಯ ಹಾಗೆ, ಡಬ್ಬಿಯ ಹಾಗೆ,
ಗೊತ್ತಿಲ್ಲದವರು ತುಕ್ಕು ಎಂದೂ ಓದಬಹುದು.
ಶಾಲೆಯ ಅಂಗಳ ಕಣ್ಮುಂದೆ ಬಂತು.
ಆರು ವರ್ಷದ ಹುಡುಗರಿಗೆ ವ್ಯುತ್ಪತ್ತಿ ಹೇಳುವವರಾರು?
ವಾವ್ ಅಂದರೆ ಕೊಕ್ಕೆ, ಬಟ್ಟೆ ನೇತುಹಾಕುವ ಕೊಕ್ಕೆ.
ವಾವಾಳ ಕೋಟು ಇನ್ನೂ ನಮ್ಮ ಬಾಗಿಲ ಹಿಂದೆ ನೇತಾಡುತ್ತಿದೆ.

ಎದೆಯ ಮೇಲಿನದು ಆಕಳಿಸಿತು.
ಒಂದೂ ಹಲ್ಲಿಲ್ಲ.
'ಬೇಕು' ಅಂದೆ.
'ಹಾಕಿ.'